ಗುರುತಿಲ್ಲದ ಹುಡುಗನಿಗೆ ಅಳೆದ ಸೇರು

ಕಾಲೇಜಿನ ಅಂಗಳದಲ್ಲಿ ಮಾತಿನ ಸ್ವಾತಂತ್ರ್ಯ ಮತ್ತು ಕಾನೂನಿನ ಸಮಾನ ಸಂರಕ್ಷಣೆ
(ದತ್ತಿ ಉಪನ್ಯಾಸದ ಮುದ್ರಿತ ರೂಪ)



ಧಾರವಾಡ ಮಾತಿನ ಊರು. 1890ರಲ್ಲಿ ಕರ್ನಾಟಕ ವಿದ್ಯಾವರ್ಧಕ ಸಂಘ ಹುಟ್ಟಿದ್ದು ಇಲ್ಲಿ. ಮನೋಹರ ಗ್ರಂಥಮಾಲೆಯ ಅಟ್ಟದ ಮೇಲೆ ಎಷ್ಟು ಪುಸ್ತಕಗಳು ಹುಟ್ಟಿದವೋ, ಅದಕ್ಕಿಂತ ಹೆಚ್ಚು ವಾದಗಳು ಹುಟ್ಟಿರಬೇಕು. ಈ ಊರಿನಲ್ಲಿ ಒಬ್ಬ ಮಾತಾಡಲು ನಿಂತರೆ ಇಬ್ಬರು ತಿದ್ದಲು ಏಳುತ್ತಾರೆ. ಹಾಗಾಗಿ ಹಾರ ಹಾಕಿ ಕೂಡಿಸಿದರೂ ಇಲ್ಲಿಯ ಉಪನ್ಯಾಸಕನ ಎದೆಯ ಪುಕುಪುಕು ನಿಲ್ಲುವುದಿಲ್ಲ.

ವಿಷಯಕ್ಕೆ ಇಳಿಯುವ ಮೊದಲು ನನ್ನ ಅಜ್ಜಿ ಮಾಡುತ್ತಿದ್ದ ಒಂದು ಪರೀಕ್ಷೆಯನ್ನು ಹೇಳಬೇಕು. ಕಿರಾಣಿ ಅಂಗಡಿಯಲ್ಲಿ ಜೋಳವನ್ನು ಸೇರಿನಲ್ಲಿ ಅಳೆದು ಕೊಡುತ್ತಿದ್ದ ಕಾಲ. ಕೊಳ್ಳುವುದಕ್ಕೆ ಒಂದು ಸೇರು, ಕೊಡುವುದಕ್ಕೆ ಇನ್ನೊಂದು ಸೇರು ಇಟ್ಟ ಅಂಗಡಿಗಳೂ ಇದ್ದವು. ಅಂಗಡಿಕಾರನ ಮೇಲೆ ಸಂಶಯ ಬಂದರೆ ಅಜ್ಜಿ ತಾನು ಹೋಗುತ್ತಿರಲಿಲ್ಲ, ನನ್ನನ್ನೂ ಕಳಿಸುತ್ತಿರಲಿಲ್ಲ. “ನಮಗ ಅಂವ ಸರಿಯಾಗೇ ಅಳೀತಾನ, ನಾವು ಗುರ್ತಿನವರು. ಗುರ್ತಿಲ್ಲದ ಹುಡುಗಗ ಎಷ್ಟು ಅಳೀತಾನ ನೋಡಬೇಕು” ಅನ್ನುತ್ತಿದ್ದಳು. ದುಡಿಯಲು ಬೇರೆ ಸೀಮೆಯಿಂದ ಬಂದವರ ಹುಡುಗನ ಕೈಗೆ ಚೀಲ ಕೊಟ್ಟು ಕಳಿಸುವಳು. ಅವನು ತಂದ ಜೋಳವನ್ನು ಮನೆಯ ಸೇರಿನಲ್ಲಿ ಮತ್ತೆ ಅಳೆಯುವಳು.

ಇಂದು ನಾನು ಮಾಡಹೊರಟಿರುವುದೂ ಅದನ್ನೇ. ನಮ್ಮ ಕಾಲೇಜುಗಳಲ್ಲಿ ಮಾತಿಗೆ ಸ್ವಾತಂತ್ರ್ಯ ಇದೆಯೇ ಎಂದು ನಮ್ಮನ್ನು ನಾವೇ ಕೇಳಿಕೊಂಡರೆ ಇದೆ ಎಂದೇ ಉತ್ತರ ಬರುತ್ತದೆ, ನಾವು ಗುರ್ತಿನವರು. ಗುರುತಿಲ್ಲದ ಹುಡುಗ ಆ ಅಂಗಡಿಗೆ ಹೋದ ಒಂದು ದಿನ ನಮ್ಮ ಹುಬ್ಬಳ್ಳಿ-ಧಾರವಾಡ ಅವಳಿನಗರದಲ್ಲೇ ಬಂದಿತ್ತು.

ಫೆಬ್ರುವರಿ 2020

ಹುಬ್ಬಳ್ಳಿಯ ಕೆಎಲ್ಇ ಇನ್‌ಸ್ಟಿಟ್ಯೂಟ್ ಆಫ್ ಟೆಕ್ನಾಲಜಿಯಲ್ಲಿ ಓದುತ್ತಿದ್ದ ಮೂವರು ಕಾಶ್ಮೀರಿ ವಿದ್ಯಾರ್ಥಿಗಳು ಪಾಕಿಸ್ತಾನದ ಪರವಾಗಿ ಕೂಗುವ ವಿಡಿಯೊ ಒಂದು 2020ರ ಫೆಬ್ರುವರಿ ನಡುವಿನಲ್ಲಿ ಮೊಬೈಲಿಂದ ಮೊಬೈಲಿಗೆ ಹರಿದಾಡಿತು. ಅದು ಪುಲ್ವಾಮಾ ದಾಳಿಗೆ ವರ್ಷ ತುಂಬಿದ ಹೊತ್ತು. 2019ರ ಫೆಬ್ರುವರಿ 14ರಂದು ಅಲ್ಲಿ ಸತ್ತ 40 ಸಿಆರ್‌ಪಿಎಫ್ ಯೋಧರಲ್ಲಿ ನಮ್ಮ ಮಂಡ್ಯ ಜಿಲ್ಲೆಯ ಗುಡಿಗೆರೆಯ ಎಚ್. ಗುರು ಕೂಡ ಒಬ್ಬರು. ಆ ನೆನಪು ಹಸಿಯಾಗಿದ್ದಾಗ ಆ ವಿಡಿಯೊ ನೋಡಿದವರಿಗೆ ಹೊಟ್ಟೆಯಲ್ಲಿ ಕಿಚ್ಚು ಬಿದ್ದದ್ದು ಸಹಜ. ನನಗೂ ಬಿತ್ತು. ಅದನ್ನು ಮುಚ್ಚಿಟ್ಟು ಮುಂದಿನದನ್ನು ಹೇಳಿದರೆ ನನ್ನ ಸೇರೂ ಖೊಟ್ಟಿಯೇ.

ಕಾಲೇಜು ಅವರನ್ನು ಅಮಾನತು ಮಾಡಿ ಪೊಲೀಸರಿಗೆ ದೂರು ಕೊಟ್ಟಿತು. ಭಾರತೀಯ ದಂಡ ಸಂಹಿತೆಯ 124ಎ ಕಲಮಿನಡಿ, ಅಂದರೆ ರಾಜದ್ರೋಹದ ಕಲಮಿನಡಿ, ಪ್ರಕರಣ ದಾಖಲಾಯಿತು. ಪೊಲೀಸರು ಬಂಧಿಸಿ, ಮುಚ್ಚಳಿಕೆ ಬರೆಸಿಕೊಂಡು ಬಿಟ್ಟರು. ಬಿಟ್ಟದ್ದಕ್ಕೆ ಠಾಣೆಯ ಮುಂದೆ ಪ್ರತಿಭಟನೆ ಎದ್ದಿತು, ಮತ್ತೆ ಹಿಡಿದರು. ನ್ಯಾಯಾಲಯಕ್ಕೆ ಕರೆತಂದಾಗ ಅವರ ಮೇಲೆ ಕೈ ಮಾಡಲು ಜನ ನುಗ್ಗಿದರು. ಕೊನೆಗೆ ಬೆಳಗಾವಿಯ ಹಿಂಡಲಗಾ ಜೈಲು.

ಇಷ್ಟರಲ್ಲಿ ಹುಬ್ಬಳ್ಳಿ ವಕೀಲರ ಸಂಘ, ಈ ಮೂವರ ಪರವಾಗಿ ಯಾರೂ ವಕಾಲತ್ತು ಹಾಕಬಾರದೆಂದು ಠರಾವು ಮಾಡಿತು. ಬೆಂಗಳೂರಿನ ವಕೀಲರು ಹೈಕೋರ್ಟಿಗೆ ಹೋದರು. ಆಗಿನ ಮುಖ್ಯ ನ್ಯಾಯಮೂರ್ತಿ ಅಭಯ್ ಶ್ರೀನಿವಾಸ ಓಕಾ ಅವರ ಪೀಠಕ್ಕೆ ಆ ಠರಾವು ಕಾನೂನಿಗೆ ವಿರುದ್ಧವೆಂದು ಕಂಡಿತು. ಜಾಮೀನು ಅರ್ಜಿ ಹಾಕಲು ಬರುವ ವಕೀಲರಿಗೆ ರಕ್ಷಣೆ ಕೊಡಿ ಎಂದು ಪೊಲೀಸರಿಗೆ ಹೇಳಿತು. ಪೊಲೀಸರ ಕಾವಲಿನಲ್ಲೇ ಧಾರವಾಡಕ್ಕೆ ಬಂದ ಆ ವಕೀಲರನ್ನು ಘೋಷಣೆಗಳು ಎದುರುಗೊಂಡವು. ಅವರ ವಾಹನಕ್ಕೆ ಕಲ್ಲು ಬಿತ್ತು. ಅದನ್ನು ಕೇಳಿದ ಮುಖ್ಯ ನ್ಯಾಯಮೂರ್ತಿಗಳು ನಮ್ಮೂರ ವಕೀಲಿಕೆಯ ಬಗ್ಗೆ ಆಡಿದ ಮಾತು ಬಹಳ ಕಟುವಾಗಿತ್ತು. ಮಾರ್ಚಿನಲ್ಲಿ ಸೆಷನ್ಸ್ ನ್ಯಾಯಾಲಯ ಜಾಮೀನು ನಿರಾಕರಿಸಿತು. ಜೂನಿನಲ್ಲಿ, 90 ದಿನದೊಳಗೆ ದೋಷಾರೋಪ ಪಟ್ಟಿ ಸಲ್ಲಿಕೆಯಾಗಲಿಲ್ಲವೆಂಬ ಕಾರಣಕ್ಕೆ ಜಾಮೀನು ಸಿಕ್ಕಿತು. ಅಷ್ಟು ಹೊತ್ತಿಗೆ ಸುಮಾರು ನಾಲ್ಕು ತಿಂಗಳು ಕಳೆದಿದ್ದವು.

ಆ ಠರಾವು ಹುಬ್ಬಳ್ಳಿಯಲ್ಲಿ ಆದದ್ದು ನನ್ನನ್ನು ಹೆಚ್ಚು ಕಾಡುತ್ತದೆ. ನ್ಯಾಯಕ್ಕಾಗಿ ಬಡವ ರಾತ್ರಿಯಿಡೀ ಬಸ್ಸಿನಲ್ಲಿ ಬೆಂಗಳೂರಿಗೆ ಹೋಗಬಾರದು, ನ್ಯಾಯವೇ ಅವನ ಬಾಗಿಲಿಗೆ ಬರಬೇಕು ಎಂದು ವರ್ಷಗಟ್ಟಲೆ ಹೋರಾಡಿದ ವಕೀಲರು ಈ ಭಾಗದವರು. ಆ ಹೋರಾಟದ ಫಲವಾಗಿ 2008ರಲ್ಲಿ ಧಾರವಾಡಕ್ಕೆ ಹೈಕೋರ್ಟಿನ ಸಂಚಾರಿ ಪೀಠ ಬಂತು. 2013ರಲ್ಲಿ ಅದು ಕಾಯಂ ಪೀಠವಾಯಿತು. ಬಾಗಿಲಿಗೆ ಬಂದ ನ್ಯಾಯದ ಎದುರು ಮೂವರು ಹುಡುಗರು ನಿಂತಾಗ, ಅವರ ಪರ ಬಾಯಿ ತೆರೆಯಲು ರಾತ್ರಿ ಬಸ್ಸು ಹತ್ತಿ ಬೆಂಗಳೂರಿನಿಂದ ಯಾರೋ ಬರಬೇಕಾಯಿತು.

ಎರಡು ವಿಧಿ, ಒಂದು ಸೇರು

ವಿದ್ಯಾರ್ಥಿಗಳಿಗಾಗಿ ಸ್ವಲ್ಪ ಕಾನೂನು. ಸಂವಿಧಾನದ 19(1)(ಎ) ವಿಧಿ ಮಾತಿನ ಸ್ವಾತಂತ್ರ್ಯವನ್ನು ಕೊಡುತ್ತದೆ. 19(2) ಅದಕ್ಕೆ ಬೇಲಿ ಹಾಕುತ್ತದೆ. ದೇಶದ ಸಾರ್ವಭೌಮತೆ ಮತ್ತು ಅಖಂಡತೆ, ರಾಜ್ಯದ ಭದ್ರತೆ, ವಿದೇಶಗಳೊಡನೆ ಸ್ನೇಹ, ಸಾರ್ವಜನಿಕ ಸುವ್ಯವಸ್ಥೆ, ಸಭ್ಯತೆ ಅಥವಾ ನೈತಿಕತೆ, ನ್ಯಾಯಾಂಗ ನಿಂದನೆ, ಮಾನಹಾನಿ, ಅಪರಾಧಕ್ಕೆ ಪ್ರಚೋದನೆ: ಬೇಲಿಯ ಗೂಟಗಳು ಇಷ್ಟೇ. ‘ನನ್ನ ಮನಸ್ಸಿಗೆ ನೋವಾಯಿತು’ ಎಂಬ ಗೂಟ ಅಲ್ಲಿಲ್ಲ. ‘ಬಹುಸಂಖ್ಯೆಯ ಜನರಿಗೆ ಸಿಟ್ಟು ಬಂತು’ ಎಂಬುದೂ ಇಲ್ಲ.

14ನೇ ವಿಧಿಯಲ್ಲಿ ಎರಡು ಮಾತುಗಳಿವೆ. ‘ಕಾನೂನಿನ ಮುಂದೆ ಸಮಾನತೆ’ ಇಂಗ್ಲೆಂಡಿನ ಪರಂಪರೆಯಿಂದ ಬಂದದ್ದು. ‘ಕಾನೂನುಗಳ ಸಮಾನ ಸಂರಕ್ಷಣೆ’ ಅಮೆರಿಕದ 1868ರ ತಿದ್ದುಪಡಿಯಿಂದ ಬಂದದ್ದು. ಅಲ್ಲಿಯೂ ಅದು 14ನೆಯದೇ. ಗುಲಾಮಗಿರಿ ಹೋದ ಮೇಲೂ ಬಿಡುಗಡೆಯಾದವರನ್ನು ಗುಂಪುಗಳು ಹೊಡೆಯುತ್ತಿದ್ದ ಕಾಲದಲ್ಲಿ ಹುಟ್ಟಿದ ಮಾತದು. ಕಾನೂನಿನ ಕೋಲು ಎಲ್ಲರ ಬೆನ್ನಿಗೂ ಒಂದೇ ಅಳತೆಯಲ್ಲಿ ಬೀಳಬೇಕು ಎಂಬುದು ಮೊದಲ ಮಾತು. ಕಾನೂನಿನ ಕೊಡೆ ಎಲ್ಲರ ತಲೆಯ ಮೇಲೂ ಒಂದೇ ಅಗಲಕ್ಕೆ ಬಿಚ್ಚಬೇಕು ಎಂಬುದು ಎರಡನೆಯದು. ಕೊಡೆ ಬಿಚ್ಚಬೇಕಾದವರು ಕೈಕಟ್ಟಿ ನಿಂತರೆ, ಕೋಲು ಎತ್ತದಿದ್ದರೂ ತಪ್ಪು ನಡೆದಂತೆಯೇ. 22(1)ನೇ ವಿಧಿ ಬಂಧಿತನಿಗೆ ತನಗೆ ಬೇಕಾದ ವಕೀಲನ ನೆರವು ಪಡೆಯುವ ಹಕ್ಕು ಕೊಡುತ್ತದೆ. ಅದು ಇದೇ ಕೊಡೆಯ ಒಂದು ಕಡ್ಡಿ.

ಮಾತಿನ ಸ್ವಾತಂತ್ರ್ಯ ಒಂದು ಕಡೆ, ಸಮಾನ ರಕ್ಷಣೆ ಇನ್ನೊಂದು ಕಡೆ ಎಂದು ಎಳೆದಾಡುವ ವಾದಗಳನ್ನು ನಾವು ಕೇಳುತ್ತಿರುತ್ತೇವೆ. ನನ್ನ ಮಟ್ಟಿಗೆ ಮಾತಿನ ಸ್ವಾತಂತ್ರ್ಯ ಕಾಳು, ಸಮಾನ ರಕ್ಷಣೆ ಸೇರು. ಸೇರಿಲ್ಲದೆ ಕಾಳು ಹಂಚಿದರೆ ಅಂಗಡಿಕಾರನ ಮರ್ಜಿಯೇ ಅಳತೆ.

ನಮ್ಮ ಸುಪ್ರೀಂ ಕೋರ್ಟು ಈ ಸೇರನ್ನು ಹಲವು ಸಲ ಗುರುತಿಲ್ಲದವರ ಮೇಲೆಯೇ ಪರೀಕ್ಷಿಸಿದೆ. 1962ರ ಕೇದಾರನಾಥ ಸಿಂಗ್ ಪ್ರಕರಣದಲ್ಲಿ 124ಎ ಕಲಮನ್ನು ಉಳಿಸಿಕೊಂಡಿತಾದರೂ, ಹಿಂಸೆಗೆ ಅಥವಾ ಅವ್ಯವಸ್ಥೆಗೆ ಪ್ರಚೋದಿಸುವ ಮಾತಿಗಷ್ಟೇ ಅದು ಅನ್ವಯ ಎಂದಿತು. ಇಂದಿರಾ ಗಾಂಧಿಯವರ ಹತ್ಯೆಯಾದ 1984ರ ಅಕ್ಟೋಬರ್ 31ರಂದೇ ಚಂಡೀಗಢದ ನೀಲಂ ಚಿತ್ರಮಂದಿರದ ಹೊರಗೆ ಖಾಲಿಸ್ತಾನದ ಪರ ಘೋಷಣೆ ಕೂಗಿದ ಇಬ್ಬರು ಸರಕಾರಿ ನೌಕರರನ್ನು ನೆನೆಯಿರಿ. ಅದಕ್ಕಿಂತ ಸಿಟ್ಟು ಬರಿಸುವ ದಿನವೂ ಘೋಷಣೆಯೂ ಇರಲಾರವು. 1995ರಲ್ಲಿ ನ್ಯಾಯಾಲಯ ಅವರನ್ನು ಬಿಡುಗಡೆ ಮಾಡಿತು. ಕೂಗಿದರು, ಜನ ಕಿವಿಗೊಡಲಿಲ್ಲ, ಏನೂ ಆಗಲಿಲ್ಲ. ಅಷ್ಟಕ್ಕೆ ರಾಜದ್ರೋಹವಾಗುವುದಿಲ್ಲ ಎಂಬುದು ಅದರ ತಾತ್ಪರ್ಯ. ವಕೀಲರ ಸಂಘಗಳ ಇಂಥ ಠರಾವುಗಳೆಲ್ಲ ಶೂನ್ಯ ಎಂದು ಅದೇ ನ್ಯಾಯಾಲಯ 2010ರಲ್ಲಿ, ತಮಿಳುನಾಡಿನ ಒಂದು ಪ್ರಕರಣದಲ್ಲಿ ಹೇಳಿತ್ತು. ಮುಂಬೈ ದಾಳಿಯ ಕಸಬ್‌ಗೆ ಗಲ್ಲು ಖಾಯಂ ಆದದ್ದು ಕೂಡ ಅವನ ಪರ ವಕೀಲರ ವಾದವನ್ನು ಪೂರ್ತಿ ಕೇಳಿದ ಮೇಲೆಯೇ. ಮುಂಬೈಯಲ್ಲಿ ಗುಂಡು ಹಾರಿಸಿದವನಿಗೆ ಸಿಕ್ಕ ವಕೀಲ, ಮೊಬೈಲಿನಲ್ಲಿ ಕೂಗಿದ ಹುಡುಗರಿಗೆ ಹುಬ್ಬಳ್ಳಿಯಲ್ಲಿ ಸಿಗಲಿಲ್ಲ.

ಒಂದು ಪದದ ಮಾತು. ಪತ್ರಿಕೆಗಳು 124ಎ ಕಲಮನ್ನು ‘ದೇಶದ್ರೋಹ’ ಎಂದು ಬರೆಯುತ್ತವೆ. ಕಾನೂನಿನ ಪ್ರಕಾರ ಅದು ‘ರಾಜದ್ರೋಹ’. ಬ್ರಿಟಿಷರು 1870ರಲ್ಲಿ ಅದನ್ನು ಸೇರಿಸಿದ್ದು ತಮ್ಮ ಸರಕಾರದ ಮೇಲೆ ಜನರಿಗೆ ಅಪ್ರೀತಿ ಹುಟ್ಟದಿರಲೆಂದು. ನಮ್ಮ ದೇಶದ ಮೇಲಿನ ಪ್ರೀತಿಯಿಂದಲ್ಲ. ಅದರಡಿ ತಿಲಕರು ಮಂಡಾಲೆಗೆ ಹೋದರು, ಗಾಂಧೀಜಿ ಯರವಡಾಕ್ಕೆ ಹೋದರು. ಒಂದು ಅಕ್ಷರಸ್ಥ ಊರು ‘ರಾಜ’ನನ್ನು ‘ದೇಶ’ ಮಾಡಿಕೊಂಡಾಗ ಆರೋಪವೇ ತೀರ್ಪಾಗಿಬಿಡುತ್ತದೆ.

ಹಿಂಡಲಗಾಕ್ಕೆ ಹೋದ ಇನ್ನೊಬ್ಬರು

ಹಿಂಡಲಗಾ ಎಂದಾಗ ಧಾರವಾಡದವರಿಗೆ ಇನ್ನೊಂದು ಹೆಸರು ನೆನಪಾಗಲೇಬೇಕು. ಸಾಧನಕೇರಿಯ ಬೇಂದ್ರೆ ಮಾಸ್ತರರು ‘ನರಬಲಿ’ ಎಂಬ ಕವಿತೆಗಾಗಿ ರಾಜದ್ರೋಹದ ಕಣ್ಣಿಗೆ ಬಿದ್ದು 1930ರ ದಶಕದ ಮೊದಲಲ್ಲಿ ಇದೇ ಹಿಂಡಲಗಾ ಜೈಲಿನಲ್ಲಿದ್ದರು. ಆಮೇಲೆ ಮುಗದದಲ್ಲಿ ನಿರ್ಬಂಧದಲ್ಲಿದ್ದರು. ನೆಲೆಯಾದ ಕೆಲಸವಿಲ್ಲದೆ ಬಹುಕಾಲ ಕಷ್ಟಪಟ್ಟರು. 1944ರಲ್ಲಿ ಸೊಲ್ಲಾಪುರದ ಡಿಎವಿ ಕಾಲೇಜು ಅವರನ್ನು ಕರೆದುಕೊಂಡಿತು.

ಯಾರಾದರೂ ಎದ್ದು, ‘ಬೇಂದ್ರೆಯವರ ಪದ್ಯಕ್ಕೂ ಆ ಹುಡುಗರ ಕೂಗಿಗೂ ಹೋಲಿಕೆಯೇ?’ ಎಂದು ಕೇಳುವ ಮೊದಲು ನಾನೇ ಹೇಳುತ್ತೇನೆ: ಇಲ್ಲ. ಒಂದು ಕಾವ್ಯ, ಇನ್ನೊಂದು ಹುಡುಗುಬುದ್ಧಿ. ಆದರೆ ಆ ಹೋಲಿಕೆಯನ್ನು ನಾವು ಮಾಡಬಲ್ಲೆವೇ ಹೊರತು ಕಲಮು ಮಾಡಲಾರದು. ಕಲಮಿಗೆ ಕಾವ್ಯ ಓದಲು ಬರುವುದಿಲ್ಲ. ಕಲೆಕ್ಟರನ ಕಣ್ಣಿಗೆ ಬೇಂದ್ರೆಯವರೂ ಒಬ್ಬ ಗುರುತಿಲ್ಲದ ಮನುಷ್ಯನೇ ಆಗಿದ್ದರು. ಇಂದು ನಮಗೆ ಬೇಡದ ಮಾತನ್ನು ಹಿಡಿಯಲು ಯಾವ ಬಲೆ ಹೆಣೆಯುತ್ತೇವೋ, ಅದೇ ಬಲೆಗೆ ನಾಳೆ ನಮ್ಮ ವರಕವಿ ಬೀಳುತ್ತಾನೆ.

ಈ ಬಲೆಯ ಕಣ್ಣು ಎಷ್ಟು ಸಣ್ಣದೆಂದು 2020ರ ಜನವರಿಯಲ್ಲೇ ಕಂಡಿದ್ದೆವು. ಬೀದರಿನ ಶಾಹೀನ್ ಶಾಲೆಯ ಮಕ್ಕಳ ನಾಟಕಕ್ಕೆ ಇದೇ ಕಲಮು ಬಿತ್ತು. ಪೊಲೀಸರು ಪುಟ್ಟ ಮಕ್ಕಳನ್ನು ಮತ್ತೆ ಮತ್ತೆ ವಿಚಾರಿಸಿದರು. ಹೈಕೋರ್ಟು ಆ ಪ್ರಕರಣವನ್ನು ರದ್ದು ಮಾಡಿದ್ದು 2023ರ ಜೂನಿನಲ್ಲಿ. ಅದೇ ಜನವರಿಯಲ್ಲಿ ಮೈಸೂರಿನ ಮಾನಸಗಂಗೋತ್ರಿಯಲ್ಲಿ ಒಂದು ಭಿತ್ತಿಫಲಕ ಹಿಡಿದದ್ದಕ್ಕೂ ರಾಜದ್ರೋಹದ ಪ್ರಕರಣವಾಯಿತು. ಅಲ್ಲಿಯೂ ವಕೀಲರ ಸಂಘ ಹಿಂಜರಿಯಿತು. ಆದರೆ ರಾಜ್ಯದ ಅನೇಕ ವಕೀಲರು ಒಟ್ಟಾಗಿ ವಕಾಲತ್ತಿಗೆ ಸಹಿ ಹಾಕಿದರು. 2022ರ ಮೇ 11ರಂದು ಸುಪ್ರೀಂ ಕೋರ್ಟು 124ಎ ಕಲಮನ್ನೇ ತಡೆಹಿಡಿಯಿತು. 2024ರ ಜುಲೈನಿಂದ ಭಾರತೀಯ ನ್ಯಾಯ ಸಂಹಿತೆ ಜಾರಿಗೆ ಬಂದಿದೆ. ಅದರ 152ನೇ ಕಲಮಿನಲ್ಲಿ ಹಳೆಯ ಬಲೆಗೆ ಹೊಸ ನೂಲು ಕಾಣಿಸುತ್ತದೆ ಎನ್ನುವವರಿದ್ದಾರೆ. ಅದರ ಕಣ್ಣು ಎಷ್ಟು ದೊಡ್ಡದಿರಬೇಕೆಂದು ನ್ಯಾಯಾಲಯಗಳು ಅಳೆಯುವ ಕಾಲ ಇದು.

ಕಲ್ಯಾಣನಗರದ ಮನೆ

ಈಗ ಗುರುತಿನವರ ಕತೆ. 2015ರ ಆಗಸ್ಟ್ 30ರ ಬೆಳಿಗ್ಗೆ ಧಾರವಾಡದ ಕಲ್ಯಾಣನಗರದ ಮನೆಯ ಬಾಗಿಲು ತಟ್ಟಿದವರು ಡಾ. ಎಂ. ಎಂ. ಕಲಬುರ್ಗಿಯವರನ್ನು ಗುಂಡಿಕ್ಕಿ ಕೊಂದರು. ಕರ್ನಾಟಕ ವಿಶ್ವವಿದ್ಯಾಲಯದ ಕನ್ನಡ ಪೀಠದಲ್ಲಿ ತಲೆಮಾರುಗಳಿಗೆ ಪಾಠ ಹೇಳಿದವರು, ಹಂಪಿ ಕನ್ನಡ ವಿಶ್ವವಿದ್ಯಾಲಯದ ಕುಲಪತಿಯಾಗಿದ್ದವರು. ಈ ಸಭೆಯಲ್ಲಿ ಅವರ ಶಿಷ್ಯರು ಎಷ್ಟು ಜನರೋ.

ಅವರ ಮಾತಿಗೆ ಬೆದರಿಕೆ 2015ರಲ್ಲಿ ಹೊಸದಾಗಿ ಬಂದದ್ದಲ್ಲ. ‘ಮಾರ್ಗ’ದ ಮೊದಲ ಸಂಪುಟದ ಬರಹಗಳಿಗಾಗಿ 1989ರಲ್ಲಿ ದೊಡ್ಡ ಗದ್ದಲವೆದ್ದಿತ್ತು. ಅವರು ವಿಶ್ವವಿದ್ಯಾಲಯದ ಸಂಶೋಧಕರಾಗಿ ಬರೆದದ್ದನ್ನು ಹಿಂತೆಗೆದುಕೊಳ್ಳಬೇಕಾಯಿತು. ಮನೆಯವರ ಜೀವಕ್ಕಾಗಿ ಹಾಗೆ ಮಾಡಿದೆ, ಅಂದು ಬೌದ್ಧಿಕವಾಗಿ ಸತ್ತೆ ಎಂಬರ್ಥದಲ್ಲಿ ಅವರು ಮುಂದೆ ಹೇಳಿಕೊಂಡರು. ನಮ್ಮ ಕಡೆಯ ಪದ್ಧತಿಯೇ ಹೀಗೆ: ಮಾತಿನ ಜಗಳ ಬಂದರೆ ಹಿರಿಯರು ಸೇರಿ ಕಲ್ಲು ಹಿಡಿದವನನ್ನು ಬಿಟ್ಟು ಮಾತಾಡಿದವನಿಗೆ ‘ಒಂದು ಕ್ಷಮೆ ಕೇಳಿಬಿಡ್ರಿ ಸರ, ಮುಗೀತದ’ ಅನ್ನುತ್ತಾರೆ. ಮುಗಿಯುವುದಿಲ್ಲ. ಕಲ್ಲು ಹಿಡಿದವನಿಗೆ ಕಲ್ಲಿನ ಬೆಲೆ ತಿಳಿಯುತ್ತದೆ, ಅಷ್ಟೇ.

2015ರಲ್ಲಿ ಧಾರವಾಡದ ರಸ್ತೆಯಲ್ಲಿ ನಡೆದ ಮೌನ ಮೆರವಣಿಗೆಯಲ್ಲಿ ನಾನೂ ಫಲಕ ಹಿಡಿದು ನಡೆದೆ. 2020ರ ಫೆಬ್ರುವರಿಯಲ್ಲಿ ಮನೆಯಲ್ಲಿ ಕೂತು ಚಹಾ ಕುಡಿದೆ. ‘ಆ ಹುಡುಗರ ಮಾತು ಹೊಲಸು, ನಮಗ್ಯಾಕ ಬೇಕು’ ಎಂದೆ. ಠರಾವಿನ ಸುದ್ದಿ ಬಂದಾಗಲೂ ಪತ್ರಿಕೆಗೆ ನಾಲ್ಕು ಸಾಲು ಬರೆಯಲಿಲ್ಲ. ಹಾಗಾದರೆ 2015ರಲ್ಲಿ ನಾನು ಕಾಯಲು ಹೊರಟದ್ದು ಮಾತಿನ ಸ್ವಾತಂತ್ರ್ಯವನ್ನೋ, ಕಲಬುರ್ಗಿ ಸರ್ ಎಂಬ ಗುರುತಿನ ಮನುಷ್ಯನನ್ನೋ? ಈ ಉಪನ್ಯಾಸಕ್ಕೆ ಒಪ್ಪಿಕೊಂಡದ್ದು ಆ ಪ್ರಶ್ನೆಯ ಕಾಟಕ್ಕೆ. ಎರಡು ಸೇರು ಇಟ್ಟ ಅಂಗಡಿಕಾರ ಬೇರೆ ಯಾರೋ ಅಲ್ಲ, ನಾನೇ.

ಕೇಳುವವರ ಪಾಲು

ಇಲ್ಲಿ ಇನ್ನೊಂದು ಬದಿಯನ್ನೂ ಅಳೆಯಬೇಕು. ಬಾಯಿದ್ದವನ ಹಕ್ಕನ್ನೇ ಎತ್ತಿ ಹಿಡಿದರೆ, ಆ ಬಾಯಿಗೆ ಸಿಕ್ಕವರ ಗತಿ? ಹಾಸ್ಟೆಲ್ ಕೋಣೆಯ ಬಾಗಿಲ ಮೇಲೆ ಒಬ್ಬ ದಲಿತ ವಿದ್ಯಾರ್ಥಿಯ ಜಾತಿಯನ್ನು ಬರೆಯುವುದು, ಒಬ್ಬ ಹುಡುಗಿಯನ್ನು ದಿನವೂ ಗುರಿಯಿಟ್ಟು ಹೀಯಾಳಿಸುವುದು, ಈಶಾನ್ಯದ ಹುಡುಗನನ್ನು ಕಣ್ಣಿನ ಆಕಾರದಿಂದ ಕರೆಯುವುದು: ಇವು ಅಭಿಪ್ರಾಯಗಳಲ್ಲ. ಇವು ಒಬ್ಬ ಮನುಷ್ಯನನ್ನು ತರಗತಿಯಿಂದ ಹೊರದೂಡುವ ಕೈಗಳು. 1989ರ ದೌರ್ಜನ್ಯ ತಡೆ ಕಾಯ್ದೆ, ಯುಜಿಸಿಯ 2009ರ ರ‍್ಯಾಗಿಂಗ್ ತಡೆ ನಿಯಮ, 2012ರ ಸಮಾನತೆಯ ನಿಯಮ, 2013ರ ಲೈಂಗಿಕ ಕಿರುಕುಳ ತಡೆ ಕಾಯ್ದೆ, ಇವೆಲ್ಲ ಆ ಕೈಗಳನ್ನು ಹಿಡಿಯಲೆಂದೇ ಇವೆ.

ಗೆರೆ ಎಲ್ಲಿ ಎಳೆಯಬೇಕು? ವಿಚಾರದ ವಿರುದ್ಧ ಆಡಿದ ಮಾತು ಎಷ್ಟೇ ಕಹಿಯಾದರೂ ಗೆರೆಯ ಒಳಗೆ. ಒಬ್ಬ ವ್ಯಕ್ತಿಯನ್ನು ಹೆದರಿಸುವ, ಅವನು ಓದಲಾರದಂತೆ ಮಾಡುವ ನಡತೆ ಗೆರೆಯ ಹೊರಗೆ. 2012ರ ಆಗಸ್ಟ್‌ನಲ್ಲಿ ಬರೀ ವದಂತಿಗೆ ಹೆದರಿ ಈಶಾನ್ಯದ ಸಾವಿರಾರು ಜನ ಬೆಂಗಳೂರಿನ ರೈಲು ನಿಲ್ದಾಣದಲ್ಲಿ ನೆರೆದದ್ದು ನೆನಪಿರಲಿ. ಅಲ್ಲಿ ಮಾತು ಬೆದರಿಕೆಯಾಗಿತ್ತು.

2022ರ ಫೆಬ್ರುವರಿಯಲ್ಲಿ ಮಂಡ್ಯದ ಕಾಲೇಜೊಂದರ ಅಂಗಳದಲ್ಲಿ ಹಿಜಾಬ್ ಧರಿಸಿದ ಒಬ್ಬಳೇ ವಿದ್ಯಾರ್ಥಿನಿಯ ಸುತ್ತ ಗುಂಪು ಕೂಗುತ್ತ ನಡೆಯಿತು. ಸಮವಸ್ತ್ರದ ಪ್ರಶ್ನೆಯಲ್ಲಿ ಹೈಕೋರ್ಟು ಮಾರ್ಚ್ 15ರಂದು ಒಂದು ತೀರ್ಪು ಕೊಟ್ಟಿತು. ಅಕ್ಟೋಬರ್ 13ರಂದು ಸುಪ್ರೀಂ ಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳು ಒಂದೇ ಪ್ರಶ್ನೆಗೆ ಎರಡು ಉತ್ತರ ಕೊಟ್ಟರು. ಸಮವಸ್ತ್ರದ ಬಗ್ಗೆ ಈ ಸಭೆಯಲ್ಲೂ ಎರಡು ಉತ್ತರ ಇರಲಿ. ಗೇಟಿನಿಂದ ಕಟ್ಟಡದವರೆಗೆ ಆ ಹುಡುಗಿ ಹೆದರದೆ ನಡೆಯಬೇಕೆಂಬುದಕ್ಕೆ ಎರಡನೆಯ ಉತ್ತರವಿಲ್ಲ. 1957ರಲ್ಲಿ ಅಮೆರಿಕದ ಲಿಟ್ಲ್ ರಾಕ್ ಎಂಬ ಊರಿನಲ್ಲಿ 9 ಕಪ್ಪು ವಿದ್ಯಾರ್ಥಿಗಳು ಶಾಲೆಯ ಗೇಟು ದಾಟಲು ಅಧ್ಯಕ್ಷ ಐಸೆನ್‌ಹೋವರ್ ಸೈನ್ಯವನ್ನೇ ಕಳಿಸಬೇಕಾಯಿತು. ಕೂಗುವ ಗುಂಪಿಗೂ ಗಂಟಲಿನ ಹಕ್ಕಿತ್ತು. ದಾರಿ ತಡೆಯುವ ಹಕ್ಕಿರಲಿಲ್ಲ. ಸಮಾನ ಸಂರಕ್ಷಣೆ ಎಂಬ ಮಾತಿಗೆ ಇದಕ್ಕಿಂತ ಸರಳ ಅರ್ಥ ನನಗೆ ಗೊತ್ತಿಲ್ಲ.

ಪ್ರಾಚಾರ್ಯರ ಮೇಜು

ಕಾಲೇಜು ನಡೆಸುವವರು ಕೇಳಬಹುದು: ಗೇಟಿನ ಹೊರಗೆ ಸಾವಿರ ಜನ ನಿಂತಾಗ ತತ್ವಜ್ಞಾನ ಹೇಳಿ ಏನು ಮಾಡೋಣ? ಅವರ ಕಷ್ಟ ನನಗೆ ತಿಳಿಯದ್ದಲ್ಲ. ಆದರೂ ಮೇಜಿನ ಮೇಲೆ ಇಟ್ಟುಕೊಳ್ಳಬಹುದಾದ ನಾಲ್ಕು ಮಾತುಗಳಿವೆ.

ಶಿಸ್ತು ಬೇರೆ, ಅಪರಾಧ ಬೇರೆ. ವಿದ್ಯಾರ್ಥಿ ಆಡಿದ ಮಾತು ಕಾಲೇಜಿಗೆ ತಪ್ಪೆನಿಸಿದರೆ ನೋಟಿಸು ಕೊಡಿ, ಅವನ ಉತ್ತರ ಕೇಳಿ, ತಪ್ಪಿನ ತೂಕಕ್ಕೆ ತಕ್ಕ ದಂಡ ಕೊಡಿ. ವಿಚಾರಣೆಗೆ ಮೊದಲೇ ಶಿಕ್ಷೆ ಬರಬಾರದು.

ಹೊರಗಿನ ಸಿಟ್ಟಿನ ಅಳತೆ ಒಳಗಿನ ತಪ್ಪಿನ ಅಳತೆಯಾಗಬಾರದು. ಇದೇ ಮಾತನ್ನು ಊರಿನ ದೊಡ್ಡ ಮನೆತನದ ಹುಡುಗ ಆಡಿದ್ದರೆ ಏನು ಮಾಡುತ್ತಿದ್ದೆವು ಎಂದು ಸಹಿ ಹಾಕುವ ಮೊದಲು ಒಮ್ಮೆ ಕೇಳಿಕೊಳ್ಳಿ.

ದೂರದಿಂದ ಬಂದ ವಿದ್ಯಾರ್ಥಿ, ತಪ್ಪು ಮಾಡಿದವನಾದರೂ, ಕಾಲೇಜಿನ ಹೊಣೆ. ಅವನಿಗೆ ವಕೀಲ ಸಿಕ್ಕನೇ, ಮನೆಗೆ ಸುದ್ದಿ ಮುಟ್ಟಿತೇ, ಅದೇ ಸೀಮೆಯ ಉಳಿದ ಹುಡುಗರು ಹಾಸ್ಟೆಲಿನಲ್ಲಿ ಊಟ ಮಾಡುತ್ತಿದ್ದಾರೆಯೇ, ಇವನ್ನು ವಿಚಾರಿಸುವುದು ದೇಶಭಕ್ತಿಗೆ ವಿರುದ್ಧವಲ್ಲ.

ಕೊನೆಯದು ಜಾಗದ ಮಾತು. 1980ರ ದಶಕದ ಕೊನೆಗೆ ನಮ್ಮ ಕಾಲೇಜುಗಳಲ್ಲಿ ವಿದ್ಯಾರ್ಥಿ ಸಂಘದ ನೇರ ಚುನಾವಣೆ ನಿಂತಿತು. ಹೊಡೆದಾಟ ನಿಲ್ಲಲೆಂದು ಮಾತನ್ನೇ ನಿಲ್ಲಿಸಿದೆವು. ಬೇರೆ ಊರಿನ, ಬೇರೆ ಧರ್ಮದ ಹುಡುಗನ ಎದುರು ಕೂತು ಜಗಳವಾಡಿ ಆಮೇಲೆ ಒಟ್ಟಿಗೆ ಗಿರ್ಮಿಟ್ ತಿನ್ನುವ ಅಭ್ಯಾಸ ನಮ್ಮ ಮಕ್ಕಳಿಗೆ ತಪ್ಪಿತು. ಎದುರಿಗೆ ಹೇಳಲಾಗದ್ದನ್ನು ಕೋಣೆಯ ಬಾಗಿಲು ಹಾಕಿಕೊಂಡು ಮೊಬೈಲಿಗೆ ಹೇಳುತ್ತಾರೆ. ಕಾಶ್ಮೀರದ ಹುಡುಗ ಹುಬ್ಬಳ್ಳಿಗೆ ಬಂದು ಓದುವುದು ಇಂಜಿನಿಯರಿಂಗ್ ಅಷ್ಟೇ ಆದರೆ, ಅವನೂ ಹುಬ್ಬಳ್ಳಿಯೂ ಒಬ್ಬರಿಗೊಬ್ಬರು ಗುರುತಿಲ್ಲದವರಾಗಿಯೇ ಉಳಿಯುತ್ತಾರೆ.

ಅಜ್ಜಿಯ ಪರೀಕ್ಷೆಯ ಕೊನೆಯ ಭಾಗವನ್ನು ಹೇಳಿರಲಿಲ್ಲ. ಚೀಲದಲ್ಲಿ ಜೋಳ ಕಡಿಮೆ ಬಂದರೆ ಅವಳು ಆ ಹುಡುಗನನ್ನು ಮತ್ತೆ ಅಂಗಡಿಗೆ ಕಳಿಸುತ್ತಿರಲಿಲ್ಲ. ಸೆರಗು ಕಟ್ಟಿ, ಮನೆಯ ಸೇರನ್ನು ಕೈಯಲ್ಲಿ ಹಿಡಿದು, ಅವನನ್ನು ಪಕ್ಕಕ್ಕೆ ಇಟ್ಟುಕೊಂಡು ತಾನೇ ಹೋಗುತ್ತಿದ್ದಳು. ಅಂಗಡಿಕಾರ ಅವಳ ಗುರ್ತಿನವನೇ, ಉದ್ದರಿ ಕೊಡುತ್ತಿದ್ದವನೇ. ಆದರೂ ಹೋಗುತ್ತಿದ್ದಳು.

ನಾನು 2020ರಲ್ಲಿ ಹೋಗಲಿಲ್ಲ. ಇಂದು ಈ ವೇದಿಕೆಯ ತನಕ ಬಂದಿದ್ದೇನೆ, ಇಷ್ಟು ತಡವಾಗಿ. ಅಧ್ಯಕ್ಷರು ಪ್ರಶ್ನೆಗೆ ಸಮಯ ಕೊಟ್ಟಿದ್ದಾರೆ. ನನ್ನ ಮಾತನ್ನು ಪೂರ್ತಿ ಒಪ್ಪದವರು ಮೊದಲು ಕೇಳಲಿ.